ಚಿತ್ರಕಥೆಗಾರನಿಗೂ ಸಲ್ಲಬೇಕಾದ ಗೌರವ

ಮಾನ್ಯರೇ,

ಜಪಾನಿ ಚಲನಚಿತ್ರಗಳ ಮಾತು ಬಂದಾಗಲೆಲ್ಲ ನಮ್ಮ ದಾವಣಗೆರೆಯ ಚಿತ್ರಾಸಕ್ತರು ನಿರ್ದೇಶಕ ಅಕಿರಾ ಕುರೊಸಾವಾ ಅವರೊಬ್ಬರನ್ನೇ ನೆನೆಯುತ್ತಾರೆ. ‘ರಾಶೋಮನ್’, ‘ಇಕಿರು’, ‘ಸೆವೆನ್ ಸಮುರಾಯ್’ ಚಿತ್ರಕಥೆಗಳಲ್ಲಿ ಅವರೊಂದಿಗೆ ದುಡಿದ ಶಿನೊಬು ಹಶಿಮೊಟೊ (1918–2018) ಅವರ ಹೆಸರು ಯಾರ ಬಾಯಲ್ಲೂ ಬರುವುದಿಲ್ಲ. ಸೈನ್ಯಕ್ಕೆ ಸೇರಿ ಕ್ಷಯರೋಗಕ್ಕೆ ತುತ್ತಾದ ಅವರು, ಆರೋಗ್ಯಧಾಮದಲ್ಲಿ ಜೊತೆಯ ರೋಗಿಯೊಬ್ಬರು ಓದಲು ಕೊಟ್ಟ ಸಿನಿಮಾ ಪತ್ರಿಕೆಯಿಂದ ಚಿತ್ರಕಥೆಯ ಗೀಳು ಹತ್ತಿಸಿಕೊಂಡು, ನಿರ್ದೇಶಕ ಮನ್ಸಾಕು ಇಟಾಮಿ ಅವರಿಂದ ಬರಹವನ್ನು ತಿದ್ದಿಸಿಕೊಂಡು ಬೆಳೆದವರು. ಕೊಬಯಾಶಿ ನಿರ್ದೇಶನದ ‘ಹರಾಕಿರಿ’ (1962) ಅವರ ಬರವಣಿಗೆಯ ಶಿಖರವೆಂಬುದು ನನ್ನ ದೃಢ ಅಭಿಪ್ರಾಯ. 1973ರಲ್ಲಿ ಸ್ವಂತ ನಿರ್ಮಾಣ ಸಂಸ್ಥೆ ಕಟ್ಟಿ, ಮರುವರ್ಷವೇ ‘ಸುನಾ ನೊ ಉತ್ಸುವಾ’ ಚಿತ್ರವನ್ನು ತೆರೆಗೆ ತಂದರು. ತಮ್ಮ ಸಿನಿಮಾ ಪುರವಣಿಯಲ್ಲಿ ಇವರನ್ನು ಕುರಿತು ವಿವರವಾದ ಲೇಖನವೊಂದನ್ನು ಪ್ರಕಟಿಸಬೇಕೆಂದು ವಿನಂತಿಸುತ್ತೇನೆ.

– ಚಿತ್ರಾಸಕ್ತ ಓದುಗ, ದಾವಣಗೆರೆ