ಹೊಳೆಗುಂಡಿಗೆ ಒಬ್ಬ ಕಾವಲುಗಾರನನ್ನು ಕೊಡಿ: ಶಾಸಕರಿಗೊಂದು ಬಹಿರಂಗ ಪತ್ರ

ನಮ್ಮ ಕ್ಷೇತ್ರದ ಮಾನ್ಯ ಶಾಸಕರಿಗೆ ನಮಸ್ಕಾರಗಳು.

ಕಳೆದ ಮಳೆಗಾಲದ ಕೊನೆಗೆ ನೀವು ನಮ್ಮೂರ ಸೇತುವೆಯ ಬಳಿ ಹೊಳೆಗೆ ಮೀನುಮರಿ ಬಿಟ್ಟಿರಿ. ಫೋಟೊದಲ್ಲಿ ನಿಮಗೆ ಕೊಡೆ ಹಿಡಿದು ನಿಂತವನು ನಾನೇ. ಹೊಳೆಗುಂಡಿಗೆ ವಿಷ ಹಾಕಿ ಮೀನು ಹಿಡಿಯುವುದನ್ನು ತಡೆಯಿರಿ ಎಂದು ಅಂದೇ ನಿಮ್ಮ ಕೈಗೆ ಒಂದು ಅರ್ಜಿ ಕೊಟ್ಟೆ. ನೀವು ಪಕ್ಕದವರಿಗೆ ಕೊಟ್ಟಿರಿ, ಪಕ್ಕದವರು ಜೀಪಿನ ಸೀಟಿನ ಮೇಲಿಟ್ಟರು. ಹನ್ನೊಂದು ವರ್ಷಗಳಲ್ಲಿ ಅದು ಏಳನೆಯದು. ಎಂಟನೆಯದನ್ನು ಊರೆಲ್ಲ ಓದಲಿ ಎಂದು ಹೀಗೆ ಬರೆಯುತ್ತಿದ್ದೇನೆ.

ನೀವು ಬಿಟ್ಟ ಮರಿಗಳು ಏಪ್ರಿಲ್‌ನಲ್ಲಿ ಸತ್ತವು.

ಬೇಸಿಗೆಯಲ್ಲಿ ನಮ್ಮ ಹೊಳೆ ಹರಿಯುವುದಿಲ್ಲ. ಅಲ್ಲೊಂದು ಇಲ್ಲೊಂದು ಗುಂಡಿ ಉಳಿಯುತ್ತದೆ, ಹೊಳೆಯ ಜೀವವೆಲ್ಲ ಅದರೊಳಗೆ ಅಡಗಿರುತ್ತದೆ. ಮಳೆ ಹಿಡಿದು ಗದ್ದೆಯ ನೀರು ಹೊಳೆಗೆ ಇಳಿಯತೊಡಗಿದಾಗ ಅದಕ್ಕೆ ಎದುರಾಗಿ ಏರಿ ಬಂದು ಮೊಟ್ಟೆಯಿಡುವ ಹತ್ತುಮೀನು ಬದುಕಿ ಉಳಿಯುವುದು ಈ ಗುಂಡಿಗಳಲ್ಲೇ. ಅಂಥ ಗುಂಡಿಗೆ ವಿಷ ಹಾಕುವುದೆಂದರೆ ಬಿತ್ತನೆ ಭತ್ತವನ್ನು ಕುಟ್ಟಿ ಉಂಡಂತೆ.

ಅಂದು ಬೆಳಿಗ್ಗೆ ಆರಕ್ಕೆ ತೋಟದ ಪಂಪು ಹಾಕಲು ಇಳಿದೆ. ದೂರಕ್ಕೇ ಆಸ್ಪತ್ರೆಯ ವಾಸನೆ. ನೀರು ಮಜ್ಜಿಗೆಯಂತೆ ಬೆಳ್ಳಗಾಗಿತ್ತು. ಬೆರಳುದ್ದದ ಮರಿಗಳು ಹೊಟ್ಟೆ ಮೇಲಾಗಿ ದಡಕ್ಕೆ ಒತ್ತರಿಸಿದ್ದವು. ಏಡಿಗಳು ಬಂಡೆ ಹತ್ತಿ ಕುಳಿತಿದ್ದವು. ಒಂದು ಹಾವುಮೀನು ಮಾತ್ರ ಇನ್ನೂ ಬಾಯಿ ತೆರೆದು ಮುಚ್ಚುತ್ತಿತ್ತು. ಕ್ಲೋರಿನ್ ಕಿವಿರುಗಳನ್ನು ಸುಡುತ್ತದೆ, ನೀರಿನಲ್ಲಿದ್ದುಕೊಂಡೇ ಮೀನು ಉಸಿರುಕಟ್ಟಿ ಸಾಯುತ್ತದೆ. ಸೊಳ್ಳೆಮರಿ ತಿನ್ನುವ ಏರೋಪ್ಲೇನ್ ಚಿಟ್ಟೆಯ ಮರಿಗಳೂ ಉಳಿಯಲಿಲ್ಲ. ಈ ಸಲ ಸೊಳ್ಳೆ ಹೆಚ್ಚು ಎಂದು ಫಾಗಿಂಗ್ ಯಂತ್ರ ಕಳಿಸಿದ್ದೀರಿ, ಅದಕ್ಕೂ ಧನ್ಯವಾದ.

ದೊಡ್ಡ ಮೀನುಗಳನ್ನು ಚೀಲಕ್ಕೆ ತುಂಬುತ್ತಿದ್ದ ಮೂವರಲ್ಲಿ ಒಬ್ಬ ನಗುತ್ತಾ ಹೇಳಿದ: "ಎರಡು ತೆಗೆದುಕೊಳ್ಳಿ ಗೌಡರೇ, ಸಾರಿಗಾಗುತ್ತದೆ." ನಾನು ಮೀನು ತಿನ್ನದವನಲ್ಲ, ಗಾಳ ಹಾಕಿ, ಕೂಣಿ ಒಡ್ಡಿ ಬೆಳೆದವನು. ಆದರೆ ಆ ಮಾತು ಕೇಳಿ ಕೈ ನಡುಗಿತು. ಅವರು ಬಿಟ್ಟುಹೋದ ಖಾಲಿ ಚೀಲ ನೋಡಿದರೆ ಕ್ಲೋರಿನ್ ಇರುವ ಬ್ಲೀಚಿಂಗ್ ಪೌಡರಿನದು, ಕುಡಿಯುವ ನೀರಿನ ಟ್ಯಾಂಕಿಗೆ ಹಾಕಲು ಬರುವಂಥದ್ದು. ಊರಿನ ಟ್ಯಾಂಕಿಗೆ ಹಾಕಲು ಪೌಡರ್ ಇಲ್ಲ ಎನ್ನುತ್ತಾರೆ, ಹೊಳೆಗೆ ಹಾಕಲು ಮೂಟೆಗಟ್ಟಲೆ ಸಿಗುತ್ತದೆ!

ಎರಡು ವಾರ ದನಗಳನ್ನು ಕೊಟ್ಟಿಗೆಯಿಂದ ಬಿಡಲಿಲ್ಲ. ಎರಡು ಬೋರ್‌ವೆಲ್ ಕೊರೆಸಿ ಎರಡರಲ್ಲೂ ಧೂಳು ಕಂಡವನು ನಾನು, ನನಗಿರುವುದು ಆ ಗುಂಡಿಯೊಂದೇ. ಸೊಂಟನೋವಿನ ನಮ್ಮ ಮನೆಯವರು ಅರ್ಧ ಮೈಲಿ ಆಚೆಯ ಬಾವಿಯಿಂದ ಕೊಡ ಹೊತ್ತರು. ಸಂಜೆ ಬಂಡೆಯ ಮೇಲೆ ಆಡುತ್ತಿದ್ದ ನೀರುನಾಯಿಗಳ ಜೋಡಿ ಆಮೇಲೆ ಕಾಣಲಿಲ್ಲ. ಅವಕ್ಕೆ ಅರ್ಜಿ ಬರೆಯಲು ಬರುವುದಿಲ್ಲ.

ಕಾನೂನು ನಿಮಗೆ ಗೊತ್ತಿರುವುದೇ. ಸಿಡಿಮದ್ದು, ವಿಷ ಹಾಕಿ ಮೀನು ಕೊಲ್ಲುವುದು ಅಪರಾಧವೆಂದು 1897ರಲ್ಲೇ ಬ್ರಿಟಿಷರು ಕಾಯ್ದೆ ಮಾಡಿದರು. ನಮ್ಮ ರಾಜ್ಯದ್ದೇ ಒಳನಾಡು ಮೀನುಗಾರಿಕೆ ಕಾಯ್ದೆ 1996ರದ್ದು. ನೀರನ್ನು ಕೆಡಿಸಬಾರದೆನ್ನುವ 1974ರ ಜಲಮಾಲಿನ್ಯ ಕಾಯ್ದೆಯೂ ಇದೆ. ಇಷ್ಟೆಲ್ಲ ಇದ್ದೂ ಒಂದು ಕಚೇರಿಯಲ್ಲಿ "ಮೀನು ನಮ್ಮದು, ಹೊಳೆ ನಮ್ಮದಲ್ಲ" ಎಂದರು. ಇನ್ನೊಂದರಲ್ಲಿ "ಹೊಳೆ ನಮ್ಮದು, ಮೀನು ನಮ್ಮದಲ್ಲ" ಎಂದರು. ಮೂರನೆಯ ಕಡೆ, ಕಳ್ಳರನ್ನು ಹಿಡಿದು ತನ್ನಿ ಎಂದರು. ಅರವತ್ತನಾಲ್ಕರ ನಾನು, ಮೂವರನ್ನು!

ನಾನು ಕೇಳುತ್ತಿರುವುದು ಫೆಬ್ರವರಿಯಿಂದ ಮಳೆ ಹಿಡಿಯುವವರೆಗೆ ಒಬ್ಬ ಕಾವಲುಗಾರನನ್ನು, ಮತ್ತು ಒಂದೇ ಒಂದು ಮೊಕದ್ದಮೆಯನ್ನು. ಶೃಂಗೇರಿಯಲ್ಲಿ, ತೀರ್ಥಹಳ್ಳಿ ಬಳಿಯ ಚಿಬ್ಬಲಗುಡ್ಡೆಯಲ್ಲಿ ತುಂಗೆಯ ಮೀನುಗಳು ಜನ ಎಸೆದ ಮಂಡಕ್ಕಿಗೆ ಮುತ್ತಿಕೊಳ್ಳುತ್ತವೆ, ಯಾರೂ ಮುಟ್ಟುವುದಿಲ್ಲ. ಅಲ್ಲಿ ದೇವರೇ ಕಾವಲು. ನಮ್ಮ ಗುಂಡಿಯ ದಡದಲ್ಲಿ ಗುಡಿಯಿಲ್ಲ, ಅದಕ್ಕೇ ಕಾವಲುಗಾರನನ್ನು ಕೇಳುತ್ತಿದ್ದೇನೆ. ಅದೂ ಆಗದಿದ್ದರೆ ಹೇಳಿಬಿಡಿ, ಚಂದಾ ಎತ್ತಿ ಒಂದು ಗುಡಿಯನ್ನೇ ಕಟ್ಟಿಸುತ್ತೇವೆ. ಶಂಕುಸ್ಥಾಪನೆಗಾದರೂ ನೀವು ಬರುತ್ತೀರಿ.

ಈ ವರ್ಷವೂ ಮೀನುಮರಿ ಬಿಡುವ ಕಾರ್ಯಕ್ರಮವಿದೆಯಂತೆ. ಮೊದಲು ಕಾವಲುಗಾರನನ್ನು ಕಳಿಸಿ, ಮರಿ ಆಮೇಲೆ ಬಿಡೋಣ. ಮೊಕದ್ದಮೆ ಹಾಕುವ ಮನಸ್ಸಿದ್ದರೆ ಆ ಖಾಲಿ ಚೀಲ ನಮ್ಮ ಕೊಟ್ಟಿಗೆಯ ಅಟ್ಟದ ಮೇಲಿದೆ, ಯಾರಾದರೂ ಬಂದು ತೆಗೆದುಕೊಂಡು ಹೋಗಲಿ.

ಇಂತಿ,
ನಿಮ್ಮ ಕ್ಷೇತ್ರದ ಒಬ್ಬ ಅಡಿಕೆ ಬೆಳೆಗಾರ