ನಮ್ಮ ಹರಿಗೋಲು ವಾಪಸ್ ಕೊಡಿಸಿ

ನಮ್ಮ ಕ್ಷೇತ್ರದ ಮಾನ್ಯ ಶಾಸಕರಿಗೆ ನಮಸ್ಕಾರಗಳು.

ಮಳೆಗಾಲದಲ್ಲಿ ಬನವಾಸಿ ಸುತ್ತ ವರದಾ ಹೊಳೆ ಹೇಗೆ ಉಕ್ಕುತ್ತದೆ ಅಂತ ನಿಮಗೆ ಗೊತ್ತೇ ಇದೆ. ಗದ್ದೆ ಯಾವುದು, ಹೊಳೆ ಯಾವುದು ತಿಳಿಯುವುದಿಲ್ಲ. ನಮ್ಮ ಮನೆ ಈಚೆ ದಡದಲ್ಲಿ, ಗದ್ದೆ ಮತ್ತು ಕೊಟ್ಟಿಗೆ ಆಚೆ. ದಾಟಲು ಇದ್ದದ್ದು ಒಂದೇ ಹರಿಗೋಲು. ಅದನ್ನೂ ಕಳೆದ ವರ್ಷ ಅಧಿಕಾರಿಗಳು ಟ್ರ್ಯಾಕ್ಟರ್‌ನಲ್ಲಿ ಹಾಕಿಕೊಂಡು ಹೋದರು. ಪರವಾನಗಿ ಇಲ್ಲವಂತೆ, ಜೀವಕ್ಕೆ ಅಪಾಯವಂತೆ.

ಇಂಜಿನ್ ಇಲ್ಲದ ದೋಣಿಗಳನ್ನು ಊರ ಮಟ್ಟದಲ್ಲೇ ನೋಂದಾಯಿಸಲು 2021ರ ಒಳನಾಡು ಹಡಗು ಕಾಯ್ದೆಯಲ್ಲಿ ದಾರಿ ಇದೆ. ಕಾಯ್ದೆ ಮಾಡುವ ಸಭೆಯಲ್ಲಿ ಕೂರುವ ನಿಮಗೆ ನಾನು ಹೇಳಿಕೊಡಬೇಕಿಲ್ಲ. ಅರ್ಜಿ ಹಿಡಿದು ಹೋದರೆ ಈ ಕಚೇರಿಯವರು ಆ ಕಚೇರಿಗೆ ಹೋಗಿ ಅನ್ನುತ್ತಾರೆ. ಅಲೆದು ಸಾಕಾಗಿದೆ. ನಮ್ಮ ಹರಿಗೋಲು ಕೊಡಿಸಿ.

ಅಜ್ಜನ ಕಾಲದಲ್ಲಿ ಬಿದಿರ ಹೆಣಿಗೆಗೆ ಎಮ್ಮೆ ಚರ್ಮ ಬಿಗಿಯುತ್ತಿದ್ದರು. ಚರ್ಮ ಕೊಳೆಯಬಾರದು ಅಂತ ದಾಟಿದ ಮೇಲೆ ದಡಕ್ಕೆಳೆದು ಬೋರಲು ಹಾಕಿ ಒಣಗಿಸಬೇಕಿತ್ತು. ಈಗ ಚರ್ಮದ ಜಾಗಕ್ಕೆ ಪ್ಲಾಸ್ಟಿಕ್ ಹಾಳೆ, ಗೊಬ್ಬರದ ಚೀಲ, ಮೇಲೆ ಡಾಂಬರು. ಬುಡ ಚಪ್ಪಟೆ, ಹಾಗಾಗಿ ಮೊಣಕಾಲುದ್ದ ನೀರು ನಿಂತ ಗದ್ದೆಯಲ್ಲೂ ತೇಲುತ್ತದೆ. ಮರದ ದೋಣಿ ಅಲ್ಲಿ ಕೆಸರಿಗೆ ಕಚ್ಚಿಕೊಳ್ಳುತ್ತದೆ. 1520ರ ಸುಮಾರಿಗೆ ವಿಜಯನಗರಕ್ಕೆ ಬಂದ ಪೋರ್ಚುಗೀಸ್ ಪ್ರವಾಸಿ ಪಾಯಸ್, ಒಳಗೆ ಬೆತ್ತ, ಹೊರಗೆ ಚರ್ಮ ಇರುವ ದುಂಡನೆಯ ದೋಣಿಯಲ್ಲಿ ಹದಿನೈದು ಇಪ್ಪತ್ತು ಜನ ತುಂಗಭದ್ರಾ ಹೊಳೆ ದಾಟುತ್ತಿದ್ದರು ಅಂತ ಬರೆದಿಟ್ಟಿದ್ದಾನೆ. ನಮ್ಮ ವರದೆ ಹೋಗಿ ಸೇರುವುದೂ ಅದೇ ತುಂಗಭದ್ರೆಗೆ. ಐನೂರು ವರ್ಷ ಜನರನ್ನು ದಾಟಿಸಿದ್ದಕ್ಕೆ ಈಗ ಒಂದು ಕಾಗದ ಕೊಡಲು ಆಗುವುದಿಲ್ಲವೇ?

ಹರಿಗೋಲು ಒಯ್ದ ಮೇಲೆ ಒಂದು ರಾತ್ರಿ ಹೊಳೆ ಏರಿತು. ಆಚೆ ಕೊಟ್ಟಿಗೆಯಲ್ಲಿ ನಮ್ಮ ಗಬ್ಬದ ಎಮ್ಮೆ ಕಟ್ಟಿತ್ತು. ಕೂಗುವುದು ಈಚೆಗೆ ಕೇಳುತ್ತಿತ್ತು. ಹೋಗಿ ಕಣ್ಣಿ ಬಿಚ್ಚಲು ಆಗಲಿಲ್ಲ. ಅಮ್ಮ ದಡದಲ್ಲೇ ಕೂತು ಅತ್ತಳು. ಬೆಳಗಾಗುವಾಗ ಕೂಗು ನಿಂತಿತ್ತು.

ನೀರು ಇಳಿಯುವ ಮೊದಲೇ ಬೆಳೆ ಹಾನಿ ಬರೆದುಕೊಳ್ಳಲು ಬಂದವರು ನಮ್ಮನ್ನೇ ಕೇಳಿದರು, "ಆಚೆ ಹೋಗೋಕೆ ಹರಿಗೋಲು ಇಲ್ವಾ?" ನನಗೆ ಮೈಯೆಲ್ಲ ಉರಿದುಹೋಯಿತು. ಅಪ್ಪ ಕೈ ಹಿಡಿದುಕೊಂಡರು, ಇಲ್ಲದಿದ್ದರೆ ಏನು ಮಾಡುತ್ತಿದ್ದೆನೋ. ಆಚೆ ಹೋಗಿ ನೋಡದೇ ಅವರು ವಾಪಸಾದರು. ಎಮ್ಮೆಗೂ ಪರಿಹಾರ ಬಂದಿಲ್ಲ, ಬೆಳೆಗೂ ಇಲ್ಲ.

ಜೀವಕ್ಕೆ ಅಪಾಯ ಅನ್ನುವ ಮಾತು ನಾವೂ ಒಪ್ಪುತ್ತೇವೆ. ಹಾಗಿದ್ದರೆ ಲೈಫ್ ಜಾಕೆಟ್ ಕೊಡಿ. ಎಷ್ಟು ಜನ ಕೂರಬೇಕು ಅಂತ ಬರೆದು ಕೊಡಿ, ಪಾಲಿಸುತ್ತೇವೆ. ಕಾಲುಸಂಕ ಕಟ್ಟಿಸುವುದಾದರೆ ಇನ್ನೂ ಒಳ್ಳೆಯದು. ಅಲ್ಲಿವರೆಗೆ ಹರಿಗೋಲು ಬೇಕು. ಒಯ್ದದ್ದು ಬಿಸಿಲಿಗೆ ಬಿದ್ದು ಡಾಂಬರು ಬಿರಿದಿದೆ, ನೋಡಿಕೊಂಡು ಬಂದಿದ್ದೇನೆ. ರಿಪೇರಿ ನಾವೇ ಮಾಡಿಕೊಳ್ಳುತ್ತೇವೆ.

ಈ ಸಲ ಮಳೆ ಹಿಡಿಯುವ ಮೊದಲು ನಮ್ಮ ಹರಿಗೋಲು ಕೊಡಿಸಿ, ಊರಲ್ಲೇ ನೋಂದಣಿ ಮಾಡಿಸಿಕೊಡಿ.

ಇಂತಿ,
ವರದಾ ದಡದ ಒಬ್ಬ ರೈತ