ಮಂಗಳೂರಿಗೆ ವರ್ಗಾವಣೆ ಕೇಳಬಹುದೆಂದು ನಮಗೆ ಯಾರೂ ಹೇಳಲಿಲ್ಲ

ಮಾನ್ಯ ಸಂಪಾದಕರೇ,

ನನ್ನ ತಂಗಿಯ ಮಗಳನ್ನು ಘಟ್ಟದ ಮೇಲಿನ ಊರೊಂದಕ್ಕೆ ಮದುವೆ ಮಾಡಿಕೊಟ್ಟಿದ್ದೆವು. ಸಂಸಾರ ಮುರಿದು ಈಗ ಮೂರು ವರ್ಷದ ಮಗುವಿನೊಂದಿಗೆ ಕೇರಳದ ಕಾಸರಗೋಡು ಜಿಲ್ಲೆಯ ಬದಿಯಡ್ಕದ ತವರಿನಲ್ಲಿದ್ದಾಳೆ. ಗಂಡ ತನ್ನ ಊರಿನ ಕೌಟುಂಬಿಕ ನ್ಯಾಯಾಲಯದಲ್ಲಿ ವಿಚ್ಛೇದನಕ್ಕೆ ಅರ್ಜಿ ಹಾಕಿದ್ದಾನೆ. ವಾಯಿದೆ ಬಂತೆಂದರೆ ಹಿಂದಿನ ರಾತ್ರಿಯೇ ಮಂಗಳೂರಿಗೆ ಹೋಗಿ ಬಸ್ ಹತ್ತಬೇಕು. ಒಬ್ಬಳನ್ನೇ ಕಳುಹಿಸಲು ಮನಸ್ಸು ಬಾರದೆ ನಾನೋ ಅವಳ ತಂದೆಯೋ ಜೊತೆಗೆ ಹೋಗುತ್ತೇವೆ. ಮಳೆಗಾಲದಲ್ಲಿ ಶಿರಾಡಿಯಲ್ಲಿ ಗುಡ್ಡ ಜರಿದರೆ ಮತ್ತೊಂದು ಸುತ್ತು. ಅಷ್ಟು ಪಾಡುಪಟ್ಟು ತಲುಪಿದರೆ ಹಲವು ಸಲ ಸಿಕ್ಕಿದ್ದು ಮುಂದಿನ ದಿನಾಂಕ ಮಾತ್ರ.

ಪ್ರಕರಣವನ್ನು ಕಾಸರಗೋಡಿಗೆ ತರೋಣವೆಂದರೆ ನಡುವೆ ರಾಜ್ಯದ ಗಡಿ. ಸಿವಿಲ್ ಪ್ರಕ್ರಿಯಾ ಸಂಹಿತೆಯ 25ನೇ ಕಲಮಿನಂತೆ ಒಂದು ರಾಜ್ಯದಿಂದ ಇನ್ನೊಂದಕ್ಕೆ ವರ್ಗಾಯಿಸುವ ಅಧಿಕಾರ ಇರುವುದು ಸುಪ್ರೀಂ ಕೋರ್ಟಿಗೆ. ಹೆಂಡತಿಯೇ ಅರ್ಜಿದಾರಳಾದರೆ ತಾನಿರುವ ಊರಿನಲ್ಲೇ ಹಾಕಬಹುದೆಂದು ಹಿಂದೂ ವಿವಾಹ ಕಾಯ್ದೆಗೆ 2003ರಲ್ಲಿ ತಿದ್ದುಪಡಿಯಾಗಿದೆ ನಿಜ. ಗಂಡ ಮೊದಲೇ ಹಾಕಿದ ಅರ್ಜಿಗೆ ಅದು ಒದಗುವುದಿಲ್ಲ. ದಿಲ್ಲಿಯ ಹೆಸರು ಕೇಳಿಯೇ ನಾವು ಕೈಚೆಲ್ಲಿದೆವು.

ಒಂದೂವರೆ ವರ್ಷ ಕಳೆದ ಮೇಲೆ ಪರಿಚಯದ ವಕೀಲರೊಬ್ಬರು ಕೇಳಿದರು: ಕಾಸರಗೋಡೇ ಏಕೆ, ಮಂಗಳೂರು ಸಾಲದೇ? ಅದೇ ಸಂಹಿತೆಯ 24ನೇ ಕಲಮಿನಡಿ ರಾಜ್ಯದೊಳಗಿನ ಜಿಲ್ಲೆಯಿಂದ ಜಿಲ್ಲೆಗೆ ವರ್ಗಾಯಿಸಲು ಹೈಕೋರ್ಟೇ ಸಾಕು. ನಮಗೆ ಮಂಗಳೂರು ಬೆಳಿಗ್ಗೆ ಹೋಗಿ ಸಂಜೆ ಮರಳುವ ದಾರಿ. ಮಂಜೇಶ್ವರದವರಿಗಂತೂ ಕಾಸರಗೋಡಿಗಿಂತ ಹತ್ತಿರ. ಕಾಗದಪತ್ರಗಳು ಕನ್ನಡದಲ್ಲೇ ಇರುವುದರಿಂದ ಮಲಯಾಳಕ್ಕೋ ಇಂಗ್ಲಿಷಿಗೋ ಅನುವಾದ ಮಾಡಿಸುವ ಖರ್ಚೂ ಉಳಿಯುತ್ತದೆ. 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯಂತೆ ಹೆಣ್ಣುಮಕ್ಕಳಿಗೆ, ಆದಾಯ ಎಷ್ಟೇ ಇರಲಿ, ಉಚಿತ ವಕೀಲರ ನೆರವೂ ಉಂಟು. ಇಷ್ಟು ತಿಳಿದಿದ್ದರೆ ಆ ಮಗು ಅಷ್ಟು ರಾತ್ರಿಗಳನ್ನು ಬಸ್ಸಿನಲ್ಲಿ ಕಳೆಯಬೇಕಿರಲಿಲ್ಲ ಎಂಬ ಸಂಕಟ ನನ್ನನ್ನು ಬಿಡುತ್ತಿಲ್ಲ.

ಕರ್ನಾಟಕಕ್ಕೆ ಹೆಣ್ಣು ಕೊಟ್ಟ ಮನೆಗಳು ಗಡಿನಾಡಿನ ಊರೂರಲ್ಲೂ ಇವೆ. ಈ ಮಾಹಿತಿಯನ್ನು ಕನ್ನಡದಲ್ಲಿ ಅಚ್ಚು ಮಾಡಿ ಅಂಗನವಾಡಿ, ಪಂಚಾಯತ್ ಕಚೇರಿಗಳಲ್ಲಿ ಹಚ್ಚಬೇಕೆಂದು ಜಿಲ್ಲೆಯ ಕಾನೂನು ಸೇವೆಗಳ ಪ್ರಾಧಿಕಾರವನ್ನು ಕೇಳಿಕೊಳ್ಳುತ್ತೇನೆ. ಮುಂಬಯಿಯಲ್ಲೋ ಚೆನ್ನೈಯಲ್ಲೋ ದಾವೆ ಎದುರಿಸುವ ನಮ್ಮ ಹೆಣ್ಣುಮಕ್ಕಳಿಗೆ ಈ ದಾರಿಯೂ ಇಲ್ಲ. ಅಂಥವರಿಗಾಗಿ, ಎರಡು ರಾಜ್ಯಗಳ ಹೈಕೋರ್ಟುಗಳೇ ಒಪ್ಪಿ ವರ್ಗಾಯಿಸುವಂತೆ 25ನೇ ಕಲಮಿಗೆ ತಿದ್ದುಪಡಿ ತರಲು ನಮ್ಮ ಸಂಸದರು ಒತ್ತಾಯಿಸಬೇಕು.

ನಮ್ಮ ವರ್ಗಾವಣೆ ಅರ್ಜಿ ಈಗ ಹೈಕೋರ್ಟಿನಲ್ಲಿದೆ. ಆದೇಶ ಬರುವವರೆಗೆ ಘಟ್ಟ ಹತ್ತುವುದು ತಪ್ಪಿಲ್ಲ.

ಇತಿ,
ಹುಡುಗಿಯ ಸೋದರಮಾವ,
ಬದಿಯಡ್ಕ